ಹಳೆಯ ಚಿತ್ರಕ್ಕೆ ನಟ ಎಷ್ಟು ಕಾಲ ಲೆಕ್ಕ ಕೊಡಬೇಕು?

ಜರ್ಮನಿಯಲ್ಲಿ ಸಾಶಾ ಹೇನ್ ಅಂದರೆ ಅಜ್ಜಿಯರಿಗೂ ಗೊತ್ತು. 1980ರ ದಶಕದಲ್ಲಿ ‘ಟ್ರೌಮ್‌ಶಿಫ್’ ಎಂಬ ಹಡಗಿನ ಧಾರಾವಾಹಿಯಲ್ಲಿ ಸ್ಟೂವರ್ಡ್, 1985ರಿಂದ ‘ಶ್ವಾರ್ಟ್ಸ್‌ವಾಲ್ಡ್‌ಕ್ಲೀನಿಕ್’ನಲ್ಲಿ ಡಾಕ್ಟರು, 2014ರಿಂದ ಕೆಲವು ವರ್ಷ ಅದೇ ಹಡಗಿಗೆ ಕ್ಯಾಪ್ಟನ್. ಈ ನಟ ಎಪ್ಪತ್ತರ ದಶಕದಲ್ಲಿ ಅಗ್ಗದ ಕಾಮಪ್ರಚೋದಕ ಚಿತ್ರಗಳಲ್ಲಿ ದುಡಿದವರು. ಹೈನರ್ ಲೌಟರ್‌ಬಾಖ್ ಕೂಡ ಅದೇ ಬಾಗಿಲಿನಿಂದ ಬಂದು, 1985ರ ‘ಮೆನ್ನರ್’ ಚಿತ್ರದಿಂದ ಮುಂಚೂಣಿಯ ನಟರಾದರು. ಹಳೆಯ ಚಿತ್ರಗಳನ್ನು ಯಾರೂ ಬಚ್ಚಿಡಲಿಲ್ಲ, ಆದರೆ ಅವು ಅವರ ದಾರಿಗೆ ಅಡ್ಡವೂ ಬರಲಿಲ್ಲ.

ಆ ಚಿತ್ರಗಳು ಹುಟ್ಟಿದ್ದು ವ್ಯಾಪಾರದ ಸಂಕಟದಲ್ಲಿ. ಅರವತ್ತರ ದಶಕದಲ್ಲಿ ಟಿವಿ ಬಂದು ಥಿಯೇಟರುಗಳು ಖಾಲಿಯಾದವು, ಟಿವಿ ತೋರಿಸಲಾರದ್ದನ್ನು ತೋರಿಸುವುದೊಂದೇ ನಿರ್ಮಾಪಕರಿಗೆ ಉಳಿದ ದಾರಿ. ‘ರಿಪೋರ್ಟ್-ಫಿಲ್ಮ್’ ಎಂದು ಹೆಸರಾದ ಬಗೆಯಲ್ಲಿ ಒಬ್ಬ ವರದಿಗಾರ ಮೈಕ್ ಹಿಡಿದು ಬೀದಿಯಲ್ಲಿ ಪ್ರಶ್ನೆ ಕೇಳುತ್ತಾನೆ, ನಡುನಡುವೆ ಬಿಡಿಬಿಡಿ ಕಥೆಗಳು. ಲೈಂಗಿಕ ಶಿಕ್ಷಣದ ಮುಖವಾಡ ಹಾಕಿದ ಈ ಕಟ್ಟಿನಲ್ಲಿ ಒಬ್ಬೊಬ್ಬ ನಟನದು ಒಂದು ತುಣುಕು ಮಾತ್ರ. ಹೊಸಬರಿಗೆ ಅದು ಸುಲಭದ ಅವಕಾಶ, ನಿರ್ಮಾಪಕನಿಗೆ ಅಗ್ಗದ ಕೂಲಿ. 1975ರಲ್ಲಿ ವಯಸ್ಕರಿಗೆ ಅಶ್ಲೀಲ ಚಿತ್ರ ಕಾನೂನುಬದ್ಧವಾದ ಮೇಲೆ ಈ ಮೃದು ಬಗೆ ಸೊರಗಿತು. ಆದರೂ ದಂಡಸಂಹಿತೆಯ 184ನೇ ಕಲಂ, ಪ್ರದರ್ಶನಕ್ಕೆಂದೇ ಮುಖ್ಯವಾಗಿ ಹಣ ತೆಗೆದುಕೊಂಡು ಅಂಥ ಚಿತ್ರ ತೋರಿಸಬಾರದು ಎಂದಿತು. ಥಿಯೇಟರಿನವರು ಟಿಕೆಟ್ಟಿನ ಬೆಲೆಯಲ್ಲಿ ಬಿಯರನ್ನೂ ಸೇರಿಸಿ ನುಸುಳಿಕೊಂಡರು.

ಅಲ್ಲಿ ನಟರಾಗುವವರು ತಿಳಿಯಬೇಕಾದ ಕಾನೂನು ಬೇರೆಯದು, ಜರ್ಮನಿಯ 1907ರದು. ಒಬ್ಬರ ಚಿತ್ರವನ್ನು ಅವರ ಒಪ್ಪಿಗೆ ಇಲ್ಲದೆ ಹರಡಬಾರದು. ಆದರೆ ಅದರ 22ನೇ ಕಲಂನಲ್ಲೇ ಒಂದು ಕೊಂಡಿ ಇದೆ: ಸಂಭಾವನೆ ಪಡೆದಿದ್ದರೆ, ಅನುಮಾನ ಬಂದಾಗ ಒಪ್ಪಿಗೆ ಕೊಟ್ಟಂತೆಯೇ ಲೆಕ್ಕ. ದುಡ್ಡು ಕೈಸೇರಿದ ಮೇಲೆ ‘ಬೇಡ’ ಎನ್ನಲು ಗಟ್ಟಿ ಕಾರಣ ಬೇಕು. ಹಾಗಾಗಿ ಕರಾರಿನಲ್ಲೇ ಯಾವ ಚಿತ್ರ, ಯಾವ ಹೆಸರು, ಸ್ಟಿಲ್ ಫೋಟೊ ಎಲ್ಲೆಲ್ಲಿ ಬಳಸಬಹುದು ಎಂದು ಬರೆಸಬೇಕು. ಬೇರೆಯವರ ದೃಶ್ಯವನ್ನು ನಡುವೆ ಸೇರಿಸಕೂಡದು ಎಂದೂ ಬರೆಸಬೇಕು. ಎಪ್ಪತ್ತರ ದಶಕದ ಯುರೋಪಿನಲ್ಲಿ ಮೃದು ಚಿತ್ರಕ್ಕೆ ಬೇರೊಬ್ಬರ ದೇಹದ ತುಣುಕು ಅಂಟಿಸಿ ಬಿಸಿ ಏರಿಸಿ ಮಾರುತ್ತಿದ್ದರು. ಹೆಸರು ಕೆಡುತ್ತಿದ್ದದ್ದು ನಟನದು.

ಗಂಡಸರಿಗೆ ಸಿಕ್ಕ ರಿಯಾಯಿತಿ ಹೆಂಗಸರಿಗೆ ಪೂರ್ತಿ ಸಿಗಲಿಲ್ಲ. ಇಂಥ ಚಿತ್ರಗಳಿಂದಲೇ ಬಂದ ಇಂಗ್ರಿಡ್ ಸ್ಟೇಗರ್ 1973ರ ‘ಕ್ಲಿಂಬಿಮ್’ ಹಾಸ್ಯಮಾಲಿಕೆಯಲ್ಲಿ ಮಿಂಚಿದರೂ, ‘ಪೆದ್ದು ಚೆಲುವೆ’ ಎಂಬ ಪಟ್ಟ ಬಿಡಲೇ ಇಲ್ಲ. ಇದು ಅನ್ಯಾಯವೇ.

ಆದರೆ ನಮ್ಮ ಕಡೆಯ ಪದ್ಧತಿ ಇದಕ್ಕಿಂತ ಕಠಿಣ. ಸಿಲ್ಕ್ ಸ್ಮಿತಾ ಹೆಸರಿನ ‘ಸಿಲ್ಕ್’ 1980ರ ಒಂದು ತಮಿಳು ಚಿತ್ರದ ಪಾತ್ರದ್ದು. 1992ರಲ್ಲಿ ‘ಹಳ್ಳಿ ಮೇಷ್ಟ್ರು’ ಚಿತ್ರಕ್ಕೆ ಬಂದಾಗಲೂ ಪ್ರೇಕ್ಷಕ ಹುಡುಕಿದ್ದು ಆ ‘ಸಿಲ್ಕ್’ ಅನ್ನೇ. 1996ರಲ್ಲಿ ಆಕೆ ತೀರಿಕೊಂಡಾಗ ವಯಸ್ಸು ಮೂವತ್ತೈದು. ಸನ್ನಿ ಲಿಯೋನ್ 2015ರಲ್ಲಿ ಕನ್ನಡ ಚಿತ್ರದ ಹಾಡಿಗೆ ಕುಣಿದಾಗ ಥಿಯೇಟರಿನಲ್ಲಿ ಸಿಳ್ಳೆ. 2017ರ ಕೊನೆಯಲ್ಲಿ ಬೆಂಗಳೂರಿನ ಹೊಸವರ್ಷದ ವೇದಿಕೆಗೆ ಬರುತ್ತಾರೆ ಎಂದಾಗ ಸಂಸ್ಕೃತಿಯ ಹೆಸರಿನಲ್ಲಿ ಪ್ರತಿಭಟನೆ, ಕೊನೆಗೆ ಅನುಮತಿಯೂ ಸಿಗಲಿಲ್ಲ. ಪರದೆಯ ಮೇಲೆ ನಮಗೆ ಬೇಕಾಗಿದ್ದವರು ವೇದಿಕೆಗೆ ಹೇಗೆ ಬೇಡವಾದರು? ಆ ಹಾಡಿನ ನಿರ್ಮಾಪಕನ ಮನೆ ಮುಂದೆ ಏಕೆ ಯಾರೂ ಧರಣಿ ಕೂರಲಿಲ್ಲ? ಟಿಕೆಟ್ ಕೊಂಡವನನ್ನು ಏಕೆ ಯಾರೂ ಕೇಳಲಿಲ್ಲ? ಜರ್ಮನ್ನರು ನಮಗಿಂತ ಸಭ್ಯರೆಂದು ನಾನು ಹೇಳುತ್ತಿಲ್ಲ. ಅಲ್ಲಿ ಚಿತ್ರಕ್ಕೆ ವಯಸ್ಸಿನ ಚೀಟಿ ಅಂಟಿಸಿ ಅಲ್ಲಿಗೇ ಬಿಡುತ್ತಾರೆ. ನಾವು ಆ ಚೀಟಿಯನ್ನು ನಟಿಯ ಹಣೆಗೆ ಅಂಟಿಸುತ್ತೇವೆ.