ನಮ್ಮಜ್ಜಿಯ 1948

ಬೆಂಗಳೂರಿನ ಗೆಳೆಯನೊಬ್ಬ ಮೊನ್ನೆ ಕೇಳಿದ, 'ಸೆಪ್ಟೆಂಬರ್ 17ಕ್ಕೆ ಯಾಕೆ ಧ್ವಜ ಹಾರಿಸ್ತೀರಿ?' ಅವನದೇನೂ ತಪ್ಪಿಲ್ಲ. ಕೊಪ್ಪಳದಲ್ಲಿ ಓದಿದ ನನಗೂ ಶಾಲೆಯಲ್ಲಿ 1947 ಅಂತಲೇ ಬಾಯಿಪಾಠ ಮಾಡಿಸಿದ್ದರು.

ಕೊಪ್ಪಳ ಆಗ ರಾಯಚೂರು ಜಿಲ್ಲೆಯಲ್ಲಿತ್ತು, ಹೈದರಾಬಾದ್ ನಿಜಾಮರ ರಾಜ್ಯ. ಹೊಳೆ ಆಚೆ ಹೊಸಪೇಟೆ, ಮದ್ರಾಸ್ ಪ್ರಾಂತ್ಯ. ಆಚೆ ದಡಕ್ಕೆ ಸ್ವಾತಂತ್ರ್ಯ ಬಂತು, ಈಚೆ ದಡಕ್ಕೆ ಬರಲಿಲ್ಲ. ರೊಕ್ಕವೂ ಬೇರೆ. ನಮ್ಮಲ್ಲಿ ಹಾಲಿ ಸಿಕ್ಕಾ, ಅಲ್ಲಿ ಕಲ್ದಾರ್. ತಮಾಷೆ ನೋಡಿ, 1945ರಲ್ಲಿ ತುಂಗಭದ್ರಾ ಡ್ಯಾಮಿಗೆ ಕೈ ಹಚ್ಚಿದ್ದು ಈ ಎರಡೂ ಸರ್ಕಾರಗಳು ಸೇರಿಯೇ.

1948ರ ಬೇಸಿಗೆ. ನಿಜಾಮರ ಪರವಾಗಿದ್ದ ಖಾಸಗಿ ಪಡೆ ರಜಾಕಾರರ ಭಯಕ್ಕೆ ಊರೂರೇ ಗಡಿ ದಾಟುತ್ತಿದ್ದವು. ನಮ್ಮಜ್ಜಿಗೆ ಆಗ 10 ವರ್ಷ. ಒಂದು ರಾತ್ರಿ ಮೊಣಕಾಲುದ್ದ ನೀರಲ್ಲಿ ಹೊಳೆ ದಾಟಿದರಂತೆ. ತಲೆ ಮೇಲೆ ಜೋಳದ ಚೀಲ. ಎಮ್ಮೆ ಒಯ್ಯೋಕಾಗಲ್ಲ, ಅದು ಕೂಗಿದರೆ ಎಲ್ಲರೂ ಸಿಕ್ಕಿಬೀಳುತ್ತಾರೆ. ಪಕ್ಕದ ಪಿಂಜಾರರ (ಹತ್ತಿ ಹಿಂಜುವ ಮುಸ್ಲಿಮರು) ಮನೆಯ ಹೆಂಗಸು ಹಗ್ಗ ಇಸ್ಕೊಂಡು, 'ನೀವು ಹೋಗ್ರಿ, ನಾ ಹಿಂಡ್ಕೋತೀನಿ' ಅಂದಳಂತೆ.

ಸೆಪ್ಟೆಂಬರ್ 13ಕ್ಕೆ ಭಾರತದ ಸೇನೆ ಬಂತು, 17ಕ್ಕೆ ನಿಜಾಮರು ಶರಣಾದರು. ಬಂದದ್ದು ಸೇನೆ, ಹೆಸರು ಮಾತ್ರ ಪೊಲೀಸ್ ಆಕ್ಷನ್!

ನಾನು ಕೇಳಿದ ಭಾಷಣಗಳೆಲ್ಲ ಇಲ್ಲಿಗೇ ಮುಗಿಯುತ್ತವೆ. ನನ್ನ ತಕರಾರು ಅದೇ. ಆಮೇಲೆ ಆದ ಹಿಂಸೆಯನ್ನು ನೋಡಿ ಬರಲು ಭಾರತ ಸರ್ಕಾರವೇ ಸುಂದರಲಾಲ್ ಸಮಿತಿ ಕಳಿಸಿತ್ತು. ಸತ್ತವರು 27 ಸಾವಿರದಿಂದ 40 ಸಾವಿರ ಅಂತ ಅವರ ಅಂದಾಜು, ಹೆಚ್ಚಿನವರು ಮುಸ್ಲಿಮರು. ಜಾಸ್ತಿ ಹಾನಿಯಾದ ಜಿಲ್ಲೆಗಳಲ್ಲಿ ನಮ್ಮ ಪಕ್ಕದ ಕಲಬುರಗಿ, ಬೀದರೂ ಇದ್ದವು. ಆ ವರದಿ ದಶಕಗಳ ಕಾಲ ಕಪಾಟಿನಲ್ಲೇ ಉಳಿಯಿತು. ರಜಾಕಾರರ ಹಾವಳಿ ಹೇಳುವಾಗ ನಮಗೆ ಬರುವ ದನಿ, ಇದನ್ನು ಹೇಳುವಾಗ ಎಲ್ಲಿ ಹೋಗುತ್ತೆ? 'ಹಳೇದನ್ನ ಯಾಕೆ ಕೆದಕ್ತೀಯಾ' ಅನ್ನುವವರು ಪ್ರತಿ ವರ್ಷ ಅರ್ಧ ಹಳೇದನ್ನ ತಾವೇ ಕೆದಕ್ತಾರೆ, ಅಲ್ವಾ?

ಅಜ್ಜಿ ಮನೆಯವರು ವಾಪಸ್ ಬಂದಾಗ ಎಮ್ಮೆ ನಮ್ಮ ಕೊಟ್ಟಿಗೆಯಲ್ಲೇ ಕಟ್ಟಿತ್ತಂತೆ. ಗ್ವಾದಲಿಯಲ್ಲಿ ಹಾಕಿದ ಹಸಿ ಹುಲ್ಲು ಇನ್ನೂ ಬಾಡಿರಲಿಲ್ಲ. ಪಿಂಜಾರರ ಮನೆಗೆ ಮಾತ್ರ ಬೀಗ. ಎಲ್ಲಿ ಹೋದರೋ, ಯಾರಿಗೂ ತಿಳಿಯಲಿಲ್ಲ.

'ಎರಡು ದಿನ ಎಮ್ಮಿ ಹಾಲೇ ಕೊಡಲಿಲ್ಲ ತಮ್ಮಾ' ಅನ್ನುತ್ತಿದ್ದಳು ಅಜ್ಜಿ. 'ಅದಕ್ಕ ಆಕೀ ಕೈ ರೂಢಿ ಆಗಿತ್ತಲ್ಲ.'