ಎತ್ತಿಗೆ ಜ್ವರ, ಟರ್ಬೊಗೆ ಬರೆ

ಡೀಸೆಲ್ ಕಾರು ಇಟ್ಟುಕೊಂಡವರಿಗೆ ಒಂದು ದೊಡ್ಡ ಅನುಕೂಲ ಇದೆ. ಗಾಡಿಗೆ ಏನಾಗಿದೆ ಅಂತ ತಲೆ ಕೆಡಿಸಿಕೊಳ್ಳಬೇಕಾಗಿಲ್ಲ. ಯಾರನ್ನು ಕೇಳಿದರೂ ಉತ್ತರ ರೆಡಿ ಇರುತ್ತದೆ. ಪಿಕಪ್ ಇಲ್ವಾ? ಟರ್ಬೊ ಹೋಗಿದೆ. ಹೊಗೆ ಜಾಸ್ತಿಯಾ? ಟರ್ಬೊನೇ. ಮೈಲೇಜ್ ಬಿದ್ದುಹೋಗಿದೆಯಾ? ಅದೂ ಟರ್ಬೊ. ಹಿಂದಿನ ಕಿಟಕಿ ಗಾಜು ಇಳಿಯುತ್ತಿಲ್ಲ ಅಂದರೂ ಸ್ವಲ್ಪ ಹೊತ್ತು ಗಡ್ಡ ಕೆರೆದುಕೊಂಡು, "ಯಾವುದಕ್ಕೂ ಟರ್ಬೊ ಒಂದ್ಸಲ ನೋಡಿಸಿಬಿಡಿ" ಅನ್ನುವ ಪುಣ್ಯಾತ್ಮರಿದ್ದಾರೆ.

ಟರ್ಬೊ ಅಂದರೆ ಏನು ಅಂತ ಕೇಳಿ ನೋಡಿ. ಅದೇ ಪುಣ್ಯಾತ್ಮರಿಗೆ ಯಾವುದೋ ಫೋನ್ ಬಂದುಬಿಡುತ್ತದೆ. ವಿಷಯ ಅಷ್ಟೇನೂ ಕಷ್ಟದ್ದಲ್ಲ. ಇಂಜಿನ್ ಉಗುಳಿದ ಬಿಸಿ ಹೊಗೆ ಸೈಲೆನ್ಸರ್ ಕಡೆ ಹೋಗುವ ದಾರಿಯಲ್ಲಿ ಒಂದು ಸಣ್ಣ ಚಕ್ರ ತಿರುಗಿಸುತ್ತದೆ. ಅದೇ ಶಾಫ್ಟಿನ ಆ ತುದಿಯಲ್ಲಿ ಇನ್ನೊಂದು ಚಕ್ರ. ಅದು ಹೊರಗಿನ ಗಾಳಿಯನ್ನು ಎಳೆದು, ಒತ್ತಿ, ಇಂಜಿನ್ನಿಗೆ ತುಂಬುತ್ತದೆ. ಗಾಳಿ ಜಾಸ್ತಿಯಾದರೆ ಡೀಸೆಲ್ ಜಾಸ್ತಿ ಉರಿಸಬಹುದು, ಗಾಡಿಗೆ ದಮ್ಮು ಬರುತ್ತದೆ. ಬಿಟ್ಟಿ ಹೊಗೆಯಿಂದ ದುಡಿಸಿಕೊಳ್ಳುವ ಈ ಐಡಿಯಾಗೆ ಸ್ವಿಟ್ಜರ್ಲೆಂಡಿನ ಇಂಜಿನಿಯರ್ ಆಲ್ಫ್ರೆಡ್ ಬ್ಯೂಖಿ 1905ರಲ್ಲೇ ಪೇಟೆಂಟ್ ತೆಗೆದುಕೊಂಡಿದ್ದರು. ಅದನ್ನು ಡೀಸೆಲ್ ಇಂಜಿನ್ನಿಗೆ ಕೂರಿಸಿ ಸರಿಯಾಗಿ ಓಡಿಸುವಷ್ಟರಲ್ಲಿ 1925 ಬಂದಿತ್ತು. ಇಪ್ಪತ್ತು ವರ್ಷ! ಗ್ಯಾರೇಜಿನವರು "ನಾಳೆ ಸಂಜೆ ಗ್ಯಾರಂಟಿ ಸಾರ್" ಅಂದಾಗಲೆಲ್ಲ ನಾನು ಬ್ಯೂಖಿಯವರನ್ನು ನೆನೆಸಿಕೊಂಡು ಸಮಾಧಾನ ಮಾಡಿಕೊಳ್ಳುತ್ತಿದ್ದೆ.

ನನ್ನ ಕಾರು ಭಾವನವರ ಕೈಯಿಂದ ಬಂದದ್ದು. ಭಾವ ಅಂದರೆ ನನ್ನ ಹೆಂಡತಿಯ ಅಣ್ಣ. ನೆಂಟರ ಹತ್ತಿರ ಗಾಡಿ ತೆಗೆದುಕೊಂಡರೆ ಅದರ ಪೂರ್ವಾಶ್ರಮದ ಬಗ್ಗೆ ವಿಚಾರಿಸುವ ಹಾಗಿಲ್ಲ. "ಸರ್ವೀಸ್ ಎಲ್ಲ ಟೈಮಿಗೆ ಸರಿಯಾಗಿ ಮಾಡಿಸಿದ್ದೀರಾ?" ಅಂತ ಕೇಳುವುದೂ ಒಂದೇ, "ನೀವು ಸುಳ್ಳುಗಾರರಾ?" ಅಂತ ಕೇಳುವುದೂ ಒಂದೇ. ಹೀಗಾಗಿ ಕೀ ಕೈಗೆ ಬಂದಾಗ ನಕ್ಕು ಇಸಿದುಕೊಂಡೆ.

ರೋಗ ಶುರುವಾದದ್ದು ಒಂದು ಏರಿನಲ್ಲಿ. ಹಳದಿ ಇಂಜಿನ್ ಲೈಟ್ ಹತ್ತಿಕೊಂಡಿತು. ಆಕ್ಸಿಲರೇಟರನ್ನು ನೆಲಕ್ಕೆ ತಾಗಿಸಿದರೂ ಇಂಜಿನ್ ವೇಗ ತೋರಿಸುವ ಆರ್‌ಪಿಎಂ ಮುಳ್ಳು 3000ದ ಆಸುಪಾಸಿನಲ್ಲೇ ಹಟ ಹಿಡಿದು ನಿಂತಿತು. ಹಿಂದಿನಿಂದ ಕಪ್ಪು ಹೊಗೆ. ಪಕ್ಕದಲ್ಲಿದ್ದ ಹೆಂಡತಿ ಶಾಂತವಾಗಿ ವರದಿ ಕೊಟ್ಟಳು: "ರೀ, ಸೈಕಲ್‌ನವನು ಮುಂದೆ ಹೋದ."

ಇದಕ್ಕೆ ಲಿಂಪ್ ಮೋಡ್ ಅನ್ನುತ್ತಾರೆ. ಏನೋ ಎಡವಟ್ಟಾಗಿದೆ ಅಂತ ಗಾಡಿಯ ಕಂಪ್ಯೂಟರಿಗೆ ಅನ್ನಿಸಿದರೆ, ಇಂಜಿನ್ ಉಳಿಯಲಿ ಅಂತ ಅದೇ ಶಕ್ತಿಯನ್ನು ಕಡಿತ ಮಾಡುತ್ತದೆ. ಆಫ್ ಮಾಡಿ ಮತ್ತೆ ಸ್ಟಾರ್ಟ್ ಮಾಡಿದರೆ ಕೆಲವು ಸಲ ಏನೂ ಆಗೇ ಇಲ್ಲವೆಂಬಂತೆ ಓಡುತ್ತದೆ. ತಾಪತ್ರಯ ಇರುವುದೇ ಅಲ್ಲಿ. ಮೆಕ್ಯಾನಿಕ್ ಎದುರಿಗೆ ನಿಂತರೆ ಸಾಕು, ಗಾಡಿಗೆ ಎಲ್ಲಿಲ್ಲದ ಆರೋಗ್ಯ.

ಮೊದಲು ಹೋದ ಗ್ಯಾರೇಜಿನಲ್ಲಿ ಒಬ್ಬ ಹುಡುಗ ಸ್ಕ್ಯಾನರ್ ಚುಚ್ಚಿದ. ಪರದೆ ಮೇಲೆ ಪಿ0299 ಅಂತ ಬಂತು. "ನೋಡಿ ಸಾರ್, ಕಂಪ್ಯೂಟರೇ ಹೇಳ್ತಿದೆ. ಟರ್ಬೊ ಹೋಗಿದೆ, ಹೊಸದು ಹಾಕ್ಬೇಕು."

ಕಂಪ್ಯೂಟರ್ ಹಾಗೇನೂ ಹೇಳಿರಲಿಲ್ಲ. ಪಿ0299 ಅಂದರೆ ಕೇಳಿದಷ್ಟು ಗಾಳಿಯ ಒತ್ತಡ ಬರಲಿಲ್ಲ ಅಂತ, ಅಷ್ಟೇ. ಯಾಕೆ ಬರಲಿಲ್ಲ ಅನ್ನುವುದು ಅದಕ್ಕೂ ಗೊತ್ತಿಲ್ಲ. ಗಾಳಿ ಸಾಗುವ ರಬ್ಬರ್ ಹೋಸ್ ಸೀಳಿರಬಹುದು, ಕ್ಲಾಂಪ್ ಸಡಿಲವಾಗಿರಬಹುದು. ಟರ್ಬೊ ಎಷ್ಟು ದುಡಿಯಬೇಕು ಅಂತ ಹತೋಟಿ ಮಾಡುವ ಆಕ್ಚುಯೇಟರ್‌ಗೆ ಹೋಗುವ ಪೆನ್ಸಿಲ್ ದಪ್ಪದ ವ್ಯಾಕ್ಯೂಮ್ ಪೈಪ್ ಬಿರುಕು ಬಿಟ್ಟಿರಬಹುದು. ಒಳಗಿನ ರೆಕ್ಕೆಗಳು ಮಸಿ ಕಟ್ಟಿ ಅಂಟಿಕೊಂಡಿರಬಹುದು. ಅಥವಾ ಸೆನ್ಸರ್ರೇ ಸುಳ್ಳು ಹೇಳುತ್ತಿರಬಹುದು. ಇದ್ಯಾವುದನ್ನೂ ನೋಡದೆ ಟರ್ಬೊ ಬಿಚ್ಚುವುದು ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದ ಹಾಗೆ. ಎಮ್ಮೆಗೆ ಉರಿ, ಎತ್ತಿಗೆ ಜ್ವರ ಹಾಗೇ ಇರುತ್ತದೆ, ದುಡ್ಡು ಕೊಟ್ಟವನಿಗೆ ಎರಡೂ ಬರುತ್ತವೆ.

ಆ ಹುಡುಗನಿಗೆ ಥ್ಯಾಂಕ್ಸ್ ಹೇಳಿ ಇನ್ನೊಬ್ಬ ಮೆಕ್ಯಾನಿಕ್ ಹತ್ತಿರ ಹೋದೆವು. ವಯಸ್ಸಾದವರು. ಸ್ಕ್ಯಾನರ್ ಇತ್ತು, ಆದರೆ ಮುಟ್ಟಲಿಲ್ಲ. ಸ್ಟೂಲಿನ ಮೇಲೆ ಕೂತು ಕೇಳಿದರು: "ಏರಿನಲ್ಲಿ ಶಬ್ದ ಹೆಂಗೆ ಬರ್ತದೆ? ಮಾಡಿ ತೋರ್ಸಿ."

ಗಾಡಿ ಇಟ್ಟವರು ಜೀವನದಲ್ಲಿ ಒಂದಲ್ಲ ಒಂದು ದಿನ ಈ ಪರೀಕ್ಷೆ ಬರೆಯಲೇಬೇಕು. ಸುತ್ತ ಜನ. ಗ್ಯಾರೇಜಿನ ಹುಡುಗರು ಕೈಯಲ್ಲಿದ್ದ ಸ್ಪ್ಯಾನರ್ ಕೆಳಗಿಟ್ಟರು. ನಾನು ಧೈರ್ಯ ಮಾಡಿ "ಸ್ಸ್ಸ್ಸ್" ಅಂದೆ. ಹೆಂಡತಿ ತಡೆದಳು. "ಅಲ್ಲ ರೀ, ಅದು ಫುಸ್ಸ್ ಅಂತ ಬರುತ್ತೆ. ಗೇರ್ ಬದಲಾಯಿಸಿದಾಗ ನಿಲ್ಲುತ್ತೆ. ಆಮೇಲೆ ಮತ್ತೆ ಫುಸ್ಸ್." ಮೆಕ್ಯಾನಿಕ್ ಕಣ್ಣು ಮುಚ್ಚಿಕೊಂಡು ತಲೆದೂಗಿದರು. "ಅಮ್ಮ, ಇನ್ನೊಂದ್ಸಲ." ಅವಳು ಗೇರ್ ಸಮೇತ ಮತ್ತೊಮ್ಮೆ ಮಾಡಿ ತೋರಿಸಿದಳು. ಅವರು ಕಣ್ಣು ಬಿಟ್ಟು, "ಟರ್ಬೊ ಅಲ್ಲ, ಪೈಪು" ಅಂದರು.

ಅವರ ಲೆಕ್ಕ ಸರಳ. ಫುಸ್ ಅಂದರೆ ಗಾಳಿ ಎಲ್ಲೋ ಸೋರುತ್ತಿದೆ. ಸೈರನ್ ಹಾಗೆ ಕೂಗಿದರೆ ಟರ್ಬೊ ಒಳಗೇ ಗ್ರಹಚಾರ. ಹೊಗೆ ಕಪ್ಪಗಿದ್ದರೆ ಡೀಸೆಲ್ಲಿಗೆ ತಕ್ಕ ಗಾಳಿ ಸಿಗುತ್ತಿಲ್ಲ, ನೀಲಿಯಾಗಿದ್ದರೆ ಆಯಿಲ್ ಉರಿಯುತ್ತಿದೆ. ಟಾರ್ಚ್ ಹಿಡಿದು ಕೆಳಗೆ ಬಗ್ಗಿ, ಟರ್ಬೊ ಒತ್ತಿದ ಬಿಸಿ ಗಾಳಿಯನ್ನು ತಣಿಸುವ ಇಂಟರ್‌ಕೂಲರಿನಿಂದ ಮೇಲೆ ಬರುವ ದಪ್ಪ ಹೋಸಿನ ಹೊಟ್ಟೆ ಸವರಿದರು. ಬೆರಳಿಗೆ ಕಪ್ಪು ಜಿಡ್ಡು ಅಂಟಿತು. ಹೋಸನ್ನು ಬಗ್ಗಿಸಿದಾಗ ಕೆಳಭಾಗದಲ್ಲಿ ಬೆರಳುದ್ದದ ಸೀಳು ಬಾಯಿ ತೆರೆಯಿತು. ಕೈ ಬಿಟ್ಟರೆ ಮುಚ್ಚಿಕೊಂಡಿತು. ಗಾಡಿ ಸುಮ್ನೆ ಐಡಲ್‌ನಲ್ಲಿ ನಿಂತಾಗ ಬೂಸ್ಟ್, ಅಂದರೆ ಟರ್ಬೊ ಕೊಡುವ ಗಾಳಿಯ ಒತ್ತಡ, ಹೆಚ್ಚುಕಡಿಮೆ ಇರುವುದೇ ಇಲ್ಲ, ಸೀಳೂ ಕಾಣುವುದಿಲ್ಲ. ಏರಿನಲ್ಲಿ ಒತ್ತಡ ಬಂದ ಕೂಡಲೇ ಬಾಯಿ ಬಿಡುತ್ತದೆ. ಹೊಸ ಹೋಸ್, ಎರಡು ಕ್ಲಾಂಪ್, ಕೆಲಸ ಮುಗಿಯಿತು. ಸೈಕಲ್‌ನವರನ್ನೆಲ್ಲ ಹಿಂದೆ ಹಾಕಿ ಮನೆಗೆ ಬಂದೆವು.

ಭಾವನವರಿಗೆ ಫೋನ್ ಮಾಡಿ ಹೇಳಿದೆ. "ನನ್ನ ಹತ್ರ ಇದ್ದಾಗ ಒಂದು ದಿನಾನೂ ಹಿಂಗಾಗಿರ್ಲಿಲ್ಲ ನೋಡಿ" ಅಂದರು. ಗಾಡಿಗೆ ನಮ್ಮ ಮನೆ ಗಾಳಿ ಒಗ್ಗಲಿಲ್ಲ ಅನ್ನುವ ಧಾಟಿ.

ಕೆಲವು ತಿಂಗಳು ನೆಮ್ಮದಿ. ಆಮೇಲೆ ಒಂದು ಬೆಳಿಗ್ಗೆ ಬಾನೆಟ್ ಒಳಗಿಂದ ಸಣ್ಣದೊಂದು ಸೀಟಿ ಶುರುವಾಯಿತು. ದಿನ ಕಳೆದಂತೆ ಅದರ ರಾಗ ಏರುತ್ತಾ ಹೋಯಿತು. ರಸ್ತೆಯಲ್ಲಿ ಮುಂದಿದ್ದವರು ಕನ್ನಡಿ ನೋಡಿ, ಗೌರವದಿಂದ ಪಕ್ಕಕ್ಕೆ ಸರಿದು ದಾರಿ ಬಿಡತೊಡಗಿದರು. ನಿಜ ಹೇಳುತ್ತೇನೆ, ಆಫೀಸಿಗೆ ಅಷ್ಟು ಬೇಗ ನಾನು ಹಿಂದೆಂದೂ ತಲುಪಿರಲಿಲ್ಲ. ಆದರೆ ಹಿಂದೆ ನೀಲಿ ಹೊಗೆ ಕಾಣಿಸಿತು. ಆಯಿಲ್ ಕಡ್ಡಿ ಎಳೆದು ನೋಡಿದರೆ ಆಯಿಲ್ ತುದಿಯಲ್ಲಿ ಮಾತ್ರ ಇತ್ತು.

ಈ ಸಲ ಶಬ್ದ ಮಾಡಿ ತೋರಿಸುವ ಕಷ್ಟ ಇರಲಿಲ್ಲ. ನಾವು ತಿರುವಿನಲ್ಲಿದ್ದಾಗಲೇ ಮೆಕ್ಯಾನಿಕ್ ಎದ್ದು ನಿಂತಿದ್ದರು. ಮೊದಲ ಮಾತೇ, "ಆಫ್ ಮಾಡಿ, ಇನ್ನು ಸ್ಟಾರ್ಟ್ ಮಾಡ್ಬೇಡಿ." ಅದಕ್ಕೆ ಕಾರಣ ಇದೆ. ಟರ್ಬೊದ ಸೀಲ್ ಪೂರ್ತಿ ಹೋದರೆ ಅದರ ಆಯಿಲ್ ಗಾಳಿಯ ಜೊತೆ ಇಂಜಿನ್ನಿಗೆ ನುಗ್ಗುತ್ತದೆ. ಡೀಸೆಲ್ ಇಂಜಿನ್ನಿಗೆ ಆಯಿಲೂ ಒಂದೇ, ಡೀಸೆಲ್ಲೂ ಒಂದೇ, ಸಿಕ್ಕಿದ್ದನ್ನು ಉರಿಸುತ್ತದೆ. ಆಗ ಕೀ ಕಿತ್ತು ಕೈಯಲ್ಲಿ ಹಿಡಿದುಕೊಂಡರೂ ಇಂಜಿನ್ ನಿಲ್ಲದೆ ಕಿರುಚುತ್ತಾ ಓಡುತ್ತಲೇ ಇರುತ್ತದೆ. ನಿಲ್ಲಿಸಬೇಕಾದರೆ ಗಾಳಿ ಬರುವ ಬಾಯಿ ಮುಚ್ಚಬೇಕು, ಇಲ್ಲವೇ ಟಾಪ್ ಗೇರಿಗೆ ಹಾಕಿ, ಬ್ರೇಕ್ ಒತ್ತಿ ಹಿಡಿದು, ಕ್ಲಚ್ ಬಿಟ್ಟು ಉಸಿರುಗಟ್ಟಿಸಬೇಕು. ಇದನ್ನು ಕೇಳಿದ ಮೇಲೆ ನಾನು ಆ ಕೀಯನ್ನು ದೂರದಿಂದಲೇ ಕೊಟ್ಟೆ.

ಇಂಜಿನ್ ತಣ್ಣಗಾದ ಮೇಲೆ ಏರ್ ಫಿಲ್ಟರಿನ ಪೈಪ್ ಕಳಚಿ, ಟರ್ಬೊ ಬಾಯೊಳಗೆ ಎರಡು ಬೆರಳು ಹಾಕಿ, ಚಕ್ರದ ಮೂಗು ಹಿಡಿದು ಅಲ್ಲಾಡಿಸಿದರು. ಇಲ್ಲೊಂದು ಮಾತು ಹೇಳಲೇಬೇಕು. ಗ್ಯಾರೇಜಿನಲ್ಲಿ ಯಾರಾದರೂ ಇದನ್ನು ಅಲ್ಲಾಡಿಸಿ "ನೋಡಿ ಸಾರ್, ಪ್ಲೇ ಇದೆ" ಅಂದರೆ ಕೂಡಲೇ ಹೆದರಬೇಡಿ. ಸಣ್ಣ ಕಾರಿನ ಟರ್ಬೊ ನಿಮಿಷಕ್ಕೆ 2 ಲಕ್ಷ ಸುತ್ತಿನವರೆಗೂ ತಿರುಗುತ್ತದೆ. ಅಷ್ಟು ವೇಗದಲ್ಲಿ ಲೋಹಕ್ಕೆ ಲೋಹ ತಾಗಿದರೆ ಕತೆ ಮುಗಿಯಿತು. ಅದಕ್ಕೇ ಹೆಚ್ಚಿನ ಟರ್ಬೊಗಳಲ್ಲಿ ಶಾಫ್ಟ್ ಆಯಿಲಿನ ತೆಳು ಪದರದ ಮೇಲೆ ತೇಲುತ್ತಿರುತ್ತದೆ. ಗಾಡಿ ನಿಂತು ಆಯಿಲ್ ಇಳಿದು ಹೋದಾಗ ಆ ಜಾಗ ಖಾಲಿ, ಹಾಗಾಗಿ ಅಡ್ಡಡ್ಡಕ್ಕೆ ಕೊಂಚ ಅಲ್ಲಾಡಲೇಬೇಕು. ಹಿಂದಕ್ಕೆ ಮುಂದಕ್ಕೆ ಜಗ್ಗಿದಾಗ ಕೈಗೆ ಗೊತ್ತಾಗುವಷ್ಟು ಸರಿದರೆ, ಅಥವಾ ಚಕ್ರದ ಅಂಚು ಗೋಡೆಗೆ ಉಜ್ಜಿದ್ದರೆ ಆಗ ಹೆದರಬೇಕು. ಒಳ್ಳೆಯ ಟರ್ಬೊವನ್ನೇ ಅಡ್ಡಡ್ಡ ಅಲ್ಲಾಡಿಸಿ ತೋರಿಸಿ ಹೊಸದು ಮಾರಿದವರು ಎಷ್ಟು ಜನರೋ!

ನಮ್ಮದು ಎರಡೂ ಕಡೆ ಧಾರಾಳವಾಗಿ ಅಲ್ಲಾಡುತ್ತಿತ್ತು. ಕನ್ನಡಿ ಹಿಡಿದು ನೋಡಿದರೆ ರೆಕ್ಕೆಗಳ ತುದಿ ಸವೆದು, ಸುತ್ತಲಿನ ಗೋಡೆಯಲ್ಲಿ ಹೊಳೆಯುವ ಒಂದು ಉಂಗುರ ಬಿದ್ದಿತ್ತು. ಸರಿ, ಈ ಸಲ ಜ್ವರ ಎಮ್ಮೆಗೇ.

ಹಾಗಂತ ಎಮ್ಮೆಗೆ ಜ್ವರ ತಾನಾಗಿ ಬರುವುದಿಲ್ಲ. ಟರ್ಬೊ ತಾನಾಗೇ ಸಾಯುವುದು ಕಡಿಮೆ, ಬಹಳ ಸಲ ಅದನ್ನು ಆಯಿಲ್ ಕೊಲ್ಲುತ್ತದೆ. ಮೆಕ್ಯಾನಿಕ್ ಆಯಿಲ್ ಹೋಗುವ ಸಣ್ಣ ಪೈಪ್ ಬಿಚ್ಚಿ ಬೆಳಕಿಗೆ ಹಿಡಿದು, ನನಗೂ ನೋಡಲು ಕೊಟ್ಟರು. ಆ ತುದಿಯ ಬೆಳಕು ಕಾಣಲೇ ಇಲ್ಲ. ಹಳೇ ಆಯಿಲ್ ಬೆಂದು ಬೆಂದು, ಒಳಗೆಲ್ಲ ಗಟ್ಟಿ ಕರಿ ಹಿಡಿದಿತ್ತು. ಆಯಿಲ್ ಬದಲಾಯಿಸದೆ ವರ್ಷಗಟ್ಟಲೆ ಓಡಿಸಿದರೆ, ಹೈವೇಯಲ್ಲಿ ಬಾರಿಸಿಕೊಂಡು ಬಂದು ಒಂದು ನಿಮಿಷವೂ ಐಡಲ್‌ನಲ್ಲಿ ಬಿಡದೆ ತಟ್ಟನೆ ಆಫ್ ಮಾಡಿದರೆ ಹೀಗಾಗುತ್ತದೆ. ಕಾದು ಕೆಂಪಾದ ಟರ್ಬೊದಲ್ಲಿ ನಿಂತ ಆಯಿಲ್ ಅಲ್ಲೇ ಸೀದುಹೋಗುತ್ತದೆ.

ಮತ್ತೆ ಭಾವನವರಿಗೆ ಫೋನ್. ಮಾತಿನ ಮಧ್ಯೆ ಆಯಿಲ್ ವಿಚಾರ ಮೆಲ್ಲಗೆ ತೆಗೆದೆ.

"ಬದಲಾಯಿಸೋದು ಯಾಕೆ? ಕಡಿಮೆ ಆದಾಗೆಲ್ಲ ಮೇಲಿಂದ ಹಾಕ್ತಾ ಇದ್ನಲ್ಲ!" ಅಂದರು. ದನಿಯಲ್ಲಿ ಒಂಚೂರೂ ಅಳುಕಿಲ್ಲ.

ಭಾವನವರ ಪರಂಪರೆ ದೊಡ್ಡದು ಅಂತ ಆಮೇಲೆ ಗೊತ್ತಾಯಿತು. ಟರ್ಬೊ ಹಾಕಿದ ಮೊದಮೊದಲ ಕಾರುಗಳಲ್ಲಿ 1962ರ ಓಲ್ಡ್ಸ್‌ಮೊಬೈಲ್ ಜೆಟ್‌ಫೈರ್ ಒಂದು. ಅದರ ಇಂಜಿನ್ನಿನಲ್ಲಿ ಟರ್ಬೊ ಒತ್ತಡಕ್ಕೆ ಪೆಟ್ರೋಲ್ ತಾನಾಗೇ ಸಿಡಿದು ಟಕಟಕ ಕುಟ್ಟದಿರಲಿ ಅಂತ ನೀರು, ಮೆಥನಾಲ್ ಬೆರೆಸಿದ ದ್ರಾವಣವೊಂದನ್ನು ಬೇರೆ ಡಬ್ಬಿಯಲ್ಲಿ ತುಂಬಿಸುತ್ತಿರಬೇಕಿತ್ತು. ಡಬ್ಬಿ ಖಾಲಿಯಾದರೆ ಕಾರು ತಾನೇ ಬೂಸ್ಟ್ ಇಳಿಸಿಬಿಡುತ್ತಿತ್ತು. ಎಷ್ಟೋ ಜನ ತುಂಬಿಸಲೇ ಇಲ್ಲ. ಆಮೇಲೆ ಪಿಕಪ್ ಇಲ್ಲ ಅಂತ ದೂರು! ಕೊನೆಗೆ ಕಂಪನಿಯೇ ಟರ್ಬೊ ಬಿಚ್ಚಿ ಮಾಮೂಲಿ ಕಾರ್ಬ್ಯುರೇಟರ್ ಕೂರಿಸಿಕೊಡಲು ಮುಂದಾಯಿತು. ಭಾವನವರ ಒಂದು ಫೋಟೊ ಆ ಕಾರಿನ ಪಕ್ಕ ಇಟ್ಟರೆ ತಪ್ಪಿಲ್ಲ.

ಇನ್ನು ಬಿಚ್ಚುವ ಕೆಲಸ. ಟರ್ಬೊ ಕೂರಿಸಿದ ಇಂಜಿನಿಯರಿಗೆ ಮೆಕ್ಯಾನಿಕ್‌ಗಳ ಮೇಲೆ ಏನೋ ಹಳೇ ದ್ವೇಷ ಇರಬೇಕು. ಮೂರು ನಟ್ ಎದುರಿಗೇ ಇವೆ, ನಾಲ್ಕನೆಯದು ಇಂಜಿನ್ನಿಗೂ ಹಿಂದಿನ ಗೋಡೆಗೂ ನಡುವೆ, ಕೈ ಹೋದರೆ ಕಣ್ಣು ಹೋಗದ, ಕಣ್ಣು ಹೋದರೆ ಕೈ ಹೋಗದ ಜಾಗದಲ್ಲಿ. ಮೆಕ್ಯಾನಿಕ್ ಎಡಗೈಯನ್ನು ಭುಜದವರೆಗೆ ಒಳಗಿಳಿಸಿ, ಕೆನ್ನೆಯನ್ನು ಬ್ಯಾಟರಿಗೆ ಒತ್ತಿ, ಕಣ್ಣು ಮುಚ್ಚಿ ಬೆರಳಿನಲ್ಲೇ ನಟ್ ಹುಡುಕಿದರು. ತುಕ್ಕು ಬಿಡಿಸುವ ಸ್ಪ್ರೇ ಹೊಡೆದರು, ಕಾದರು, ಮತ್ತೆ ಹೊಡೆದರು. ಅವರ ಕೈ ದಪ್ಪವಾಯಿತು ಅಂತ ಗ್ಯಾರೇಜಿನ ಅತಿ ಸಣಕಲು ಹುಡುಗನನ್ನು ಕರೆದರು. ಅವನ ಕೈ ಸಲೀಸಾಗಿ ಹೋಯಿತು, ಆದರೆ ಅದರಲ್ಲಿ ನಟ್ ತಿರುಗಿಸುವ ಬಲ ಇರಲಿಲ್ಲ. ಬಲ ಹಾಕುವ ಹೊತ್ತಿಗೆ 10 ಎಂಎಂ ಸಾಕೆಟ್ ಟಣ್ ಅಂತ ಜಾರಿತು. ನಾವೆಲ್ಲ ಕೆಳಗೆ ಬಗ್ಗಿ ಕಾದೆವು. ಅದು ನೆಲಕ್ಕೆ ಬೀಳಲೇ ಇಲ್ಲ. ಜಗತ್ತಿನಲ್ಲಿ ಬಿದ್ದ 10 ಎಂಎಂ ಸಾಕೆಟ್‌ಗಳೆಲ್ಲ ಎಲ್ಲಿಗೆ ಹೋಗುತ್ತವೋ, ಅಲ್ಲಿಗೆ ಇದೂ ಹೋಯಿತು.

ಹೊಸ ಟರ್ಬೊ ಕೂರಿಸುವಾಗ ಮೆಕ್ಯಾನಿಕ್ ಮಾಡಿದ ಮಡಿ ನೋಡಬೇಕಿತ್ತು. ಆಯಿಲ್ ಪೈಪ್ ಹೊಸದು, ಗ್ಯಾಸ್ಕೆಟ್ ಹೊಸದು. ಆಯಿಲ್ ಹೋಗುವ ಜಾಗಕ್ಕೆ ಸಿಲಿಕೋನ್ ಪೇಸ್ಟ್ ತಂದ ಹುಡುಗನಿಗೆ ಬೈಗುಳ. ಒಂದು ಚೂರು ಪೇಸ್ಟ್ ಕಿತ್ತು ಬಂದು ಆ ಸಣ್ಣ ತೂತಿಗೆ ಸಿಕ್ಕಿಕೊಂಡರೆ ಹೊಸ ಟರ್ಬೊ ಕೂಡ ಹಳೆಯದರ ದಾರಿ ಹಿಡಿಯುತ್ತದೆ. ಇಂಟರ್‌ಕೂಲರ್ ಬಿಚ್ಚಿ ಬಗ್ಗಿಸಿದಾಗ ಹಳೇ ಆಯಿಲ್ ಧಾರೆಯಾಗಿ ಸುರಿಯಿತು. ಅದನ್ನು ಹಾಗೇ ಬಿಟ್ಟಿದ್ದರೆ ಅಷ್ಟೂ ಇಂಜಿನ್ ಪಾಲಾಗುತ್ತಿತ್ತು. ಹೊಸ ಆಯಿಲ್, ಹೊಸ ಫಿಲ್ಟರ್ ಹಾಕಿ, ಟರ್ಬೊ ಬಾಯಿಗೂ ಒಂದಿಷ್ಟು ಆಯಿಲ್ ಕುಡಿಸಿ, ಬೆರಳಿನಲ್ಲಿ ಚಕ್ರ ತಿರುಗಿಸಿದರು. ಡೀಸೆಲ್ ಚಿಮ್ಮಿಸುವ ಇಂಜೆಕ್ಟರ್‌ಗಳ ಕನೆಕ್ಷನ್ ತೆಗೆದು, ಸ್ಟಾರ್ಟ್ ಆಗದ ಹಾಗೆ ಸ್ವಲ್ಪ ಸ್ವಲ್ಪ ಕ್ರ್ಯಾಂಕ್ ಮಾಡಿದರು. ಆಯಿಲ್ ತಲುಪುವ ಮೊದಲೇ ಟರ್ಬೊ ವೇಗವಾಗಿ ತಿರುಗಿದರೆ ಶಾಫ್ಟ್ ಒಣ ಬೇರಿಂಗ್ ಮೇಲೇ ಉಜ್ಜುತ್ತದೆ.

ಸ್ಟಾರ್ಟ್ ಮಾಡಿದಾಗ ಹಿಂದೆ ಹೊಗೆಯೋ ಹೊಗೆ. ಸೈಲೆನ್ಸರಿನಲ್ಲಿ ಉಳಿದಿದ್ದ ಆಯಿಲ್ ಉರಿಯುತ್ತಿತ್ತು. ನನ್ನ ಮುಖ ನೋಡಿ ಮೆಕ್ಯಾನಿಕ್, "ಬಿಡಿ ಸಾರ್, ತಾನೇ ನಿಲ್ತದೆ" ಅಂದರು. ನಿಂತಿತು. ಬಿಲ್ ನೋಡಿದ ಮೇಲೆ ನಾನೂ ಸ್ವಲ್ಪ ಹೊತ್ತು ನಿಂತೇ ಇದ್ದೆ.

ಮುಂದಿನ ಭಾನುವಾರ ಭಾವನವರು ಮನೆಗೆ ಬಂದರು. ಕಾರು ತೆಗೆದುಕೊಂಡು ಒಂದು ರೌಂಡ್ ಹೋಗಿ ಬಂದು, "ನೋಡಿ, ನಾನು ಕೊಟ್ಟಾಗ ಹಿಂಗೇ ಇತ್ತು" ಅಂದರು. ಮುಂದಿನ ವಾರ ದೂರ ಹೋಗುವುದಿದೆಯಂತೆ, ನಾಲ್ಕು ದಿನಕ್ಕೆ ಗಾಡಿ ಬೇಕಂತೆ. ನಾನು ಉತ್ತರ ಹುಡುಕುವ ಮೊದಲೇ ಒಳಗಿಂದ ಹೆಂಡತಿಯ ದನಿ ಬಂತು.

"ಅಣ್ಣಾ, ನಿನ್ನ ಈಗಿನ ಗಾಡಿ ಆಯಿಲ್ ಯಾವಾಗ ಬದಲಾಯಿಸಿದೆ?"

ಭಾವನವರು ಈ ವರ್ಷ ಸೆಕೆ ಜಾಸ್ತಿ ಅಂತ ಮಾತು ತೆಗೆದರು.