ಸಿಟ್ಟು ಬಂದ್ರೆ ಜೈಲಿಗೆ ಬನ್ನಿ, ರೋಡು ಇನ್ವೆಸ್ಟರ್‌ಗಳಿಗೆ ಇರ್ಲಿ

ಬೆಂಗಳೂರಲ್ಲಿ ಸರ್ಕಾರದ ಮೇಲೆ ಸಿಟ್ಟು ಬಂದ್ರೆ ಎಲ್ಲಂದ್ರಲ್ಲಿ ಕೂಗಾಡೋ ಹಾಗಿಲ್ಲ ಸ್ವಾಮಿ, ಅದಕ್ಕೊಂದು ಜಾಗ ಗೊತ್ತುಮಾಡಿಟ್ಟಿದ್ದಾರೆ, ಫ್ರೀಡಂ ಪಾರ್ಕ್. ಮೊದ್ಲು ಅದು ಸೆಂಟ್ರಲ್ ಜೈಲು, 1975ರ ಎಮರ್ಜೆನ್ಸಿಲಿ ವಾಜಪೇಯಿ, ಅಡ್ವಾಣಿನ ಕೂಡಿಹಾಕಿದ್ದು ಇಲ್ಲೇ. ಕೈದಿಗಳನ್ನ ಪರಪ್ಪನ ಅಗ್ರಹಾರಕ್ಕೆ ಸಾಗಿಸಿ 2008ರಲ್ಲಿ ಪಾರ್ಕ್ ಅಂತ ಓಪನ್ ಮಾಡಿದ್ರು, ಆದ್ರೆ ಒಂದಷ್ಟು ಬ್ಯಾರಕ್ಕು, ವಾಚ್ ಟವರ್ ಎಲ್ಲಾ ಹಾಗೇ ಇದೆ. ಆಗ ಸರ್ಕಾರದ ವಿರುದ್ಧ ಮಾತಾಡಿದೋರನ್ನ ವ್ಯಾನಲ್ಲಿ ತಂದು ಒಳಗೆ ಹಾಕ್ತಿದ್ರು, ಈಗ ನಾವೇ ಪೊಲೀಸರ ಹತ್ರ ಪರ್ಮಿಷನ್ ತಗೊಂಡು, ಬಸ್ ಚಾರ್ಜ್ ಕೊಟ್ಟು ಬಂದು ಒಳಗೆ ಹೋಗ್ಬೇಕು. ಡಿಪಾರ್ಟ್‌ಮೆಂಟಿಗೆ ಡೀಸೆಲ್ ಉಳೀತು.

ಕಾರಣ ಟ್ರಾಫಿಕ್ಕಂತೆ. ಪ್ರತಿಭಟನೆಗೆ ಪರ್ಮಿಷನ್ ಬೇಕು ಅನ್ನೋ 2021ರ ಲೈಸೆನ್ಸಿಂಗ್ ಆದೇಶ, ಫ್ರೀಡಂ ಪಾರ್ಕಲ್ಲೇ ಮಾಡಿ ಅಂತ 2022ರಲ್ಲಿ ಹೈಕೋರ್ಟ್ ನಿರ್ದೇಶನ, ಒಟ್ನಲ್ಲಿ ಟೌನ್ ಹಾಲ್ ಮೆಟ್ಟಿಲು, ಮೈಸೂರ್ ಬ್ಯಾಂಕ್ ಸರ್ಕಲ್ಲು ಎಲ್ಲಾ ನಮ್ಮ ಕೈತಪ್ಪಿತು. ಆಂಬುಲೆನ್ಸ್ ಸಿಕ್ಕಾಕೊಳ್ಳುತ್ತೆ ಅನ್ನೋದು ಸುಳ್ಳಲ್ಲ, ಒಪ್ಪೋಣ. ಹಾಗಾದ್ರೆ ಸಿಲ್ಕ್ ಬೋರ್ಡಲ್ಲಿ ದಿನಾ ಬೆಳಗ್ಗೆ ಧರಣಿ ಕೂತಿರೋರು ಯಾರು?

ಅಸಲಿ ಭಯ ಬೇರೆ. 2016ರಲ್ಲಿ ಬಸವೇಶ್ವರ ಸರ್ಕಲ್ಲಿಂದ ಹೆಬ್ಬಾಳದವರೆಗೆ ಸ್ಟೀಲ್ ಫ್ಲೈಓವರ್ ಕಟ್ತೀವಿ, ಏರ್‌ಪೋರ್ಟಿಗೆ ಹೋಗೋರು ಸಲೀಸಾಗಿ ಹೋಗ್ಲಿ ಅಂದಾಗ ಜನ ರೋಡಿನ ಬದೀಲೇ ಕೈ ಕೈ ಹಿಡ್ಕೊಂಡು ನಿಂತ್ರು, 2017ರಲ್ಲಿ ಯೋಜನೆ ಬಿದ್ದೇಹೋಯ್ತು. ರೋಡಲ್ಲಿ ನಿಂತೋರು ಕಾರಲ್ಲಿ ಹೋಗೋರಿಗೆಲ್ಲ ಕಾಣಿಸ್ತಾರೆ ನೋಡಿ, ಅದೇ ತೊಂದ್ರೆ. 2019ರ ಡಿಸೆಂಬರಲ್ಲಿ ಟೌನ್ ಹಾಲ್ ಹತ್ರ ಪೌರತ್ವ ಕಾಯ್ದೆ ವಿರೋಧಿಸಿ ನಿಂತಿದ್ದ ಇತಿಹಾಸಕಾರ ರಾಮಚಂದ್ರ ಗುಹಾರನ್ನೇ ಪೊಲೀಸರು ಎಳ್ಕೊಂಡು ಹೋದ್ರು, ಗುಂಪು ಸೇರ್ಬಾರ್ದು ಅಂತ ಆಗ ಹಾಕಿದ್ದ ಸೆಕ್ಷನ್ 144ರ ಆದೇಶವೇ ಕಾನೂನುಬಾಹಿರ ಅಂತ ಆಮೇಲೆ ಹೈಕೋರ್ಟ್ ಹೇಳ್ತು. ಅಷ್ಟೊತ್ತಿಗೆ ಎಲ್ರೂ ಮನೆ ಸೇರಾಗಿತ್ತು ಬಿಡಿ.

ದೇವನಹಳ್ಳಿ ಕಡೆ ಚನ್ನರಾಯಪಟ್ಟಣ ಹೋಬಳಿ ರೈತರನ್ನ ನೋಡಿ. ಏರೋಸ್ಪೇಸ್ ಪಾರ್ಕಿಗೆ 1,777 ಎಕರೆ ಕೊಡಲ್ಲ ಅಂತ ಮೂರು ವರ್ಷಕ್ಕೂ ಮೇಲೆ ಕೂತ್ರು, ಕೊನೆಗೆ ಫ್ರೀಡಂ ಪಾರ್ಕಿಗೂ ಬಂದ್ರು, 2025ರ ಜುಲೈ 15ಕ್ಕೆ ಸಿದ್ದರಾಮಯ್ಯನೋರು ಸ್ವಾಧೀನ ಕೈಬಿಟ್ವಿ ಅಂದ್ರು. ತಕ್ಷಣ ಆಂಧ್ರದ ಮಂತ್ರಿ ನಾರಾ ಲೋಕೇಶ್, ನಮ್ಮಲ್ಲಿ 8,000 ಎಕರೆ ರೆಡಿ ಇದೆ ಬನ್ನಿ ಅಂತ ಕಂಪನಿಗಳಿಗೆ ಪೋಸ್ಟ್ ಹಾಕಿದ್ರು. ಇಲ್ಲಿ ನಮ್ಮ ಸರ್ಕಾರಕ್ಕೆ ಶುರುವಾಯ್ತು ಎದೆ ಢವಢವ! ರೈತರಿಗೆ ಉತ್ತರ ಕೊಡೋಕೆ ಮೂರು ವರ್ಷ, ಪಕ್ಕದ ರಾಜ್ಯದ ಒಂದು ಪೋಸ್ಟಿಗೆ ಉತ್ತರ ಕೊಡೋಕೆ ಎಷ್ಟು ಹೊತ್ತು ಬೇಕಾಯ್ತು?

ಅದಕ್ಕೇ ನನ್ನದೊಂದು ಸಲಹೆ. 2025ರ ಫೆಬ್ರವರಿಲಿ ಅರಮನೆ ಮೈದಾನದಲ್ಲಿ ಇನ್ವೆಸ್ಟ್ ಕರ್ನಾಟಕ ಅಂತ ಹೂಡಿಕೆದಾರರ ಸಮಾವೇಶ ಮಾಡಿದ್ರಲ್ಲ, ಮುಂದಿನ ಸಲ ಅದನ್ನ ಫ್ರೀಡಂ ಪಾರ್ಕಲ್ಲೇ ಇಟ್ಕೊಳ್ಳಿ. ಬಹುಮಹಡಿ ಪಾರ್ಕಿಂಗ್ ಪಕ್ಕದಲ್ಲೇ ಇದೆ, ವಾಚ್ ಟವರ್ ಹತ್ತಿಸಿ ಯಾವ್ಯಾವ ಕಡೆ ಜಮೀನಿದೆ ಅಂತ ಕೈತೋರಿಸ್ಬೋದು. ಆದ್ರೆ ಎಂಒಯುಗೆ, ಅಂದ್ರೆ ಹೂಡಿಕೆ ಒಪ್ಪಂದಕ್ಕೆ, ಸೈನ್ ಹಾಕೋ ಮುಂಚೆ ಅವರೂ ಸ್ಟೇಷನ್ನಿಗೆ ಹೋಗಿ ಅರ್ಜಿ ಕೊಡ್ಲಿ, ಎಷ್ಟು ಜನ ಬರ್ತೀವಿ, ಮೈಕ್ ಹಾಕ್ತೀವಾ ಇಲ್ವಾ, ಸಂಜೆ ಎಷ್ಟೊತ್ತಿಗೆ ಜಾಗ ಖಾಲಿ ಮಾಡ್ತೀವಿ ಅಂತೆಲ್ಲಾ ಬರ್ಕೊಟ್ಟು.